ಕಡ್ಲೆಯಿಂದ ಹುಟ್ಟಿದ ಕಡಲಮ್ಮ

ಯಲ್ಲಾಪುರದಿಂದ ಅಂಕೋಲೆ ಕಡೆಗೆ ಹೊರಟವರಿಗೆ ಅರಬೈಲ್ ಘಟ್ಟ ಇಳಿಯುವ ಮೊದಲು ಎಡಕ್ಕೆ ಒಂದು ಕಮಾನು ಸಿಗುತ್ತದೆ. ನೀಲಿ ಬಣ್ಣದ್ದು. ಮೇಲೆ ಸಿಮೆಂಟಿನ ಅಲೆಗಳು, ಅಲೆಗಳ ಎರಡು ತುದಿಗೆ ಎರಡು ಶಂಖ, ನಡುವೆ ‘ಶ್ರೀ ಕಡಲಮ್ಮ ದೇವಿ ಸನ್ನಿಧಿ’ ಎಂಬ ದಪ್ಪ ಅಕ್ಷರ. ಸುತ್ತ ಎಲ್ಲಿ ನೋಡಿದರೂ ಕಾಡು. ಮಂಗಗಳು ಮತ್ತು ಲಾರಿಯ ಹೊಗೆ ಬಿಟ್ಟರೆ ಅಲ್ಲಿ ಖಾಯಂ ವಾಸ ಮಾಡುವವರು ಯಾರೂ ಇಲ್ಲ. ಸಮುದ್ರ ಬೇಕೆಂದರೆ ಘಟ್ಟ ಪೂರ್ತಿ ಇಳಿದು ಇನ್ನೂ ಬಹಳ ದೂರ ಹೋಗಬೇಕು. ಇಂಥ ಕಡೆ ಸಮುದ್ರದ ದೇವಿಗೆ ಏನು ಕೆಲಸ ಎಂದು ನಾನು ಒಮ್ಮೆ ಬಾಯಿಬಿಟ್ಟು ಕೇಳಿದೆ. ಅವತ್ತಿನಿಂದ ಪೇಟೆಯಲ್ಲಿ ನನಗೆ ನಾಸ್ತಿಕಳೆಂಬ ಹೆಸರು.

ನಾನು ನಾಸ್ತಿಕಳಲ್ಲ ಮಾರಾಯ್ರೆ. ಯಲ್ಲಾಪುರದ ಪೇಟೆಯಲ್ಲಿ ರವಿಕೆ ಹೊಲಿದು ಬದುಕುವವಳು. ಬೆಳಿಗ್ಗೆ ಅಂಗಡಿ ತೆಗೆದ ಕೂಡಲೇ ಹೊಲಿಗೆ ಮೆಷಿನ್ನಿಗೆ ಊದುಬತ್ತಿ ತೋರಿಸದೆ ಪೆಡಲಿನ ಮೇಲೆ ಕಾಲು ಇಡುವುದಿಲ್ಲ. ಆ ದೇವಿಯ ಮೇಲೂ ನನಗೆ ಸಿಟ್ಟಿಲ್ಲ, ಪಾಪ, ಅವಳಾದರೂ ಏನು ಮಾಡಿಯಾಳು. ಸಿಟ್ಟು ಇರುವುದು ಅವಳನ್ನು ಹುಟ್ಟಿಸಿದವರ ಮೇಲೆ. ಯಾಕೆಂದರೆ ಈ ಕಡಲಮ್ಮ ಸಮುದ್ರದಿಂದ ಎದ್ದು ಬಂದವಳಲ್ಲ, ಹುರಿದ ಕಡ್ಲೆಯ ಬುಟ್ಟಿಯಿಂದ ಎದ್ದು ಬಂದವಳು. ಆ ಬುಟ್ಟಿ ನನ್ನ ಅಮ್ಮನದು.

ಅಪ್ಪ ಲಾರಿ ಡ್ರೈವರ್ ಆಗಿದ್ದ. ನಾನು ಇನ್ನೂ ಗೋಡೆ ಹಿಡಿದು ನಡೆಯುವ ವಯಸ್ಸಿನಲ್ಲಿದ್ದಾಗ ಒಂದು ಬೆಳಿಗ್ಗೆ ಮರದ ನಾಟಾ ತುಂಬಿದ ಲಾರಿ ತೆಗೆದುಕೊಂಡು ಘಟ್ಟ ಇಳಿದ. ತಿರುವಿನಲ್ಲಿ ಬ್ರೇಕ್ ಹಿಡಿಯಲಿಲ್ಲ. ನನಗೆ ಅಪ್ಪನ ಮುಖ ನೆನಪಿಲ್ಲ, ಇರುವುದು ಲೈಸನ್ಸಿನ ಫೋಟೋ ಒಂದೇ. ಅದರಲ್ಲಿ ಯಾರೋ ಬೈದ ಹಾಗೆ ಮುಖ ಮಾಡಿಕೊಂಡಿದ್ದಾನೆ.

ಅದಾದ ಮೇಲೆ ಅಮ್ಮ ಘಟ್ಟದ ತಲೆಯ ಮೇಲೆ, ರಸ್ತೆ ಬದಿಯ ನೇರಳೆ ಮರದ ಬುಡದಲ್ಲಿ, ಕಡ್ಲೆ ಬುಟ್ಟಿ ಇಟ್ಟುಕೊಂಡು ಕೂತಳು. ಉಪ್ಪು ಹಾಕಿ ಹುರಿದ ಕಡ್ಲೆ. ಪೇಟೆಯಲ್ಲಿ ಕೂತರೆ ವ್ಯಾಪಾರ ಹೆಚ್ಚು ಎಂದು ಎಲ್ಲರೂ ಹೇಳಿದರಂತೆ, ಕೇಳಲಿಲ್ಲ. ದಿನಾ ಬೆಳಿಗ್ಗೆ ಯಾವುದಾದರೂ ಲಾರಿ ಹತ್ತಿ ಅಲ್ಲಿಗೆ ಹೋಗುವುದು, ಸಂಜೆ ಯಾವುದಾದರೂ ಲಾರಿ ಹತ್ತಿ ಬರುವುದು. ನಾನು ಬೆಳೆದದ್ದು ಆ ಮರದ ಬೇರಿನ ಮೇಲೆ.

ಅಮ್ಮನ ವ್ಯಾಪಾರಕ್ಕೆ ಒಂದು ಶರತ್ತಿತ್ತು. ಘಟ್ಟ ಇಳಿಯುವ ಲಾರಿಯವರು ಯಾರೇ ಬಂದು ಕಡ್ಲೆಗೆ ಕೈ ಚಾಚಿದರೂ ಅವಳು ಬುಟ್ಟಿಯ ಮೇಲೆ ಬಟ್ಟೆ ಎಳೆದು, “ಗಾಡಿ ಒಂದ್ ಸುತ್ತು ಹಾಕಿ ಬಾ” ಎನ್ನುತ್ತಿದ್ದಳು. ಡ್ರೈವರ್ ವಾಪಸ್ಸು ಹೋಗಬೇಕು, ಲಾರಿಗೆ ಒಂದು ಸುತ್ತು ಬರಬೇಕು, ಗಾಲಿ ಗಾಲಿ ಮುಟ್ಟಿ ನೋಡಬೇಕು, ಹಗ್ಗ ಎಳೆದು ನೋಡಬೇಕು. ಆಮೇಲೆ ಕಡ್ಲೆ. ಹೊಸಬರು ಕೂಗಾಡುತ್ತಿದ್ದರು. ಕಡ್ಲೆ ಮಾರುವವಳಿಗೆ ಬ್ರೇಕಿನ ಉಸಾಬರಿ ಎಂತಕ್ಕೆ ಎಂದು ಕೇಳಿದವರೂ ಇದ್ದರು. ಅವರು ಕೇಳಿದ್ದು ಸರಿಯೇ. ಲಾರಿಯಲ್ಲಿ ಬ್ರೇಕ್ ಎಲ್ಲಿರುತ್ತದೆ ಎಂದು ಅಮ್ಮನಿಗೆ ಇವತ್ತಿಗೂ ಗೊತ್ತಿಲ್ಲ. ಆದರೆ ಅವಳ ಕಡ್ಲೆ ರುಚಿಯಾಗಿತ್ತು, ಘಟ್ಟದಲ್ಲಿ ಬೇರೆ ಏನೂ ಸಿಗುತ್ತಿರಲಿಲ್ಲ. ಗೊಣಗಿಕೊಂಡೇ ಸುತ್ತು ಹಾಕುತ್ತಿದ್ದರು. ಮರದ ಪಕ್ಕ ಒಂದು ಮೊಣಕಾಲೆತ್ತರದ ಕಲ್ಲಿತ್ತು. ಪೊಟ್ಟಣ ಸಿಕ್ಕಿದ ಮೇಲೆ ಅದರ ಮೇಲೆ ಒಂದು ಚಿಟಿಕೆ ಕಡ್ಲೆ ಹಾಕಿ ಕೈಮುಗಿದು ಹೋಗುವುದು ಡ್ರೈವರುಗಳೇ ಮಾಡಿಕೊಂಡ ಪದ್ಧತಿ. ಅದನ್ನು ಮಂಗಗಳು ತಿನ್ನುತ್ತಿದ್ದವು.

ವಯಸ್ಸಾದ ಮೇಲೆ ಅಮ್ಮನ ತಲೆ ತಾನಾಗಿಯೇ ಅಲ್ಲಾಡಲು ಶುರುವಾಯಿತು. ನರದ ದೋಷ ಎಂದು ಡಾಕ್ಟರು ಹೇಳಿದರು. ಅಡ್ಡಡ್ಡ ಅಲ್ಲಾಡುತ್ತದೆ. ಕಡ್ಲೆ ಇದೆಯಾ ಎಂದು ಕೇಳಿದವರು ಅದನ್ನು ನೋಡಿ, ಇಲ್ಲ ಎನ್ನುತ್ತಿದ್ದಾಳೆಂದು ತಿಳಿದು ಹೊರಟುಹೋಗುತ್ತಿದ್ದರು. ಅಮ್ಮ ಹಿಂದಿನಿಂದ ಕೂಗಿ ಕರೆಯಬೇಕಾಗುತ್ತಿತ್ತು.

ಇನ್ನು ಹೆಸರಿನ ವಿಷಯ. ಹುಬ್ಬಳ್ಳಿ ಕಡೆಯ ಡ್ರೈವರುಗಳು ಅವಳನ್ನು ‘ಕಡ್ಲಿ ಅವ್ವ’ ಎನ್ನುತ್ತಿದ್ದರು. ನಮ್ಮ ಕಡೆಯವರು ‘ಕಡ್ಲೆ ಅಮ್ಮ’ ಎನ್ನುವುದನ್ನು ಬೇಗ ಬೇಗ ಹೇಳಿ ‘ಕಡ್ಲಮ್ಮ’ ಮಾಡಿದರು. ಬಸ್ಸಿನ ಕಂಡಕ್ಟರುಗಳೂ ಆ ಜಾಗಕ್ಕೆ ‘ಕಡ್ಲಮ್ಮನ ಕಟ್ಟೆ’ ಎಂದೇ ಕೂಗುತ್ತಿದ್ದರು. ಶಾಲೆಯಲ್ಲಿ ಲೋಪಸಂಧಿ ಕಲಿಸುವಾಗ ನಾನು ಎದ್ದು ನಿಂತು ‘ಕಡ್ಲೆ ಕೂಡಿಸು ಅಮ್ಮ, ಕಡ್ಲಮ್ಮ’ ಎಂದು ಉದಾಹರಣೆ ಕೊಟ್ಟು ಮಾಸ್ತರರಿಂದ ಶಹಬ್ಬಾಸ್ ಅನ್ನಿಸಿಕೊಂಡಿದ್ದೆ. ಅದೇ ಸಂಧಿಯನ್ನು ಮುಂದೆ ಒಬ್ಬ ದೊಡ್ಡ ಮನುಷ್ಯ ತಪ್ಪಾಗಿ ಬಿಡಿಸುತ್ತಾನೆ, ಅದರಿಂದ ಒಂದು ದೇವರು ಹುಟ್ಟುತ್ತದೆ ಎಂದು ಯಾರು ಕಂಡಿದ್ದರು.

ಆ ದೊಡ್ಡ ಮನುಷ್ಯ ಮಾಗೋಡಿನ ರಸ್ತೆಯಲ್ಲಿ ಹೋಮ್‌ಸ್ಟೇ ಇಟ್ಟಿದ್ದಾರೆ. ಈಗ ದೇವಸ್ಥಾನದ ಅಧ್ಯಕ್ಷರು, ಹಾಗಾಗಿ ಅಧ್ಯಕ್ಷರು ಎಂದೇ ಕರೆಯುತ್ತೇನೆ, ಅವರಿಗೆ ಖುಷಿಯಾಗಲಿ. ಅವರಿಗೆ ನಮ್ಮ ಮಾತು ಎಂದರೆ ಅಲರ್ಜಿ. ನಾವು ಆಡುವುದೆಲ್ಲ ಮುರುಕು ಕನ್ನಡ, ಅವರು ಆಡುವುದು ಶುದ್ಧ. ಯಾರಾದರೂ ‘ಹುಡ್ಗ’ ಎಂದರೆ ‘ಹುಡುಗ’ ಎಂದು ತಿದ್ದುತ್ತಾರೆ. ‘ಬಾಗ್ಲು’ ಎಂದರೆ ‘ಬಾಗಿಲು’ ಎಂದು ತಿದ್ದುತ್ತಾರೆ. ಹೋಮ್‌ಸ್ಟೇಗೆ ಬರುವ ಅತಿಥಿಗಳಿಗೆ ಸುತ್ತಲಿನ ಪ್ರೇಕ್ಷಣೀಯ ಸ್ಥಳಗಳ ನಕ್ಷೆ ಅಚ್ಚು ಹಾಕಿಸುವಾಗ ‘ಕಡ್ಲಮ್ಮನ ಕಟ್ಟೆ’ ಎಂಬ ಹೆಸರು ಅವರ ಕಣ್ಣಿಗೆ ಬಿತ್ತು. ತಿದ್ದಿದರು. ‘ಕಡಲಮ್ಮನ ಕಟ್ಟೆ’ ಆಯಿತು.

ನಕ್ಷೆ ನೋಡಿದ ಅತಿಥಿಗಳು ಸುಮ್ಮನಿರುತ್ತಾರೆಯೇ? ಕಾಡಿನಲ್ಲಿ ಕಡಲಮ್ಮ ಎಲ್ಲಿಂದ ಬಂದಳು ಎಂದು ಕೇಳಿದರು. ಗೊತ್ತಿಲ್ಲ ಎಂದರೆ ಅಧ್ಯಕ್ಷರ ನಾಲಿಗೆ ಸವೆಯುತ್ತಿತ್ತೇ? ಹೇಳಲಿಲ್ಲ. ಅಲ್ಲೇ ನಿಂತಲ್ಲೇ ಒಂದು ಕಥೆ ಕಟ್ಟಿದರು. ಕಡಲಮ್ಮ ಗಂಡ ಸಮುದ್ರರಾಜನ ಹತ್ತಿರ ಜಗಳ ಮಾಡಿಕೊಂಡು ಮುನಿದು ಘಟ್ಟ ಹತ್ತಿ ಬಂದಳಂತೆ. ಹತ್ತಿ ಸುಸ್ತಾಗಿ ಕಲ್ಲಿನ ಮೇಲೆ ಕೂತಳಂತೆ. ಅವಳ ಬೆವರು ಬಿದ್ದು ಕಲ್ಲು ಉಪ್ಪಾಯಿತಂತೆ. ಯಾವನೋ ಅತಿಥಿ ಹೋಗಿ ಕಲ್ಲನ್ನು ನೆಕ್ಕಿಯೂ ನೋಡಿದನಂತೆ, ನಿಜಕ್ಕೂ ಉಪ್ಪಿತ್ತಂತೆ. ಇರದೆ ಏನು? ದಿನಾ ಅದರ ಮೇಲೆ ಬೀಳುತ್ತಿದ್ದದ್ದು ಅಮ್ಮನ ಉಪ್ಪುಗಡ್ಲೆ. ಮಂಗ ಕೂತೆದ್ದ ಕಲ್ಲನ್ನು ನೆಕ್ಕಿದವನಿಗೆ ಉಪ್ಪಿನ ಜೊತೆ ಇನ್ನೇನೇನು ಸಿಕ್ಕಿತೋ ದೇವಿಗೇ ಗೊತ್ತು.

ಈ ಸುದ್ದಿಯನ್ನು ನಾನು ಬಂದು ಹೇಳಿದಾಗ ಅಮ್ಮ ಕಣ್ಣಲ್ಲಿ ನೀರು ಬರುವಷ್ಟು ನಕ್ಕಳು. ಗಂಡನ ಹತ್ತಿರ ಜಗಳ ಮಾಡಿ ಘಟ್ಟ ಹತ್ತಿದವಳು ತೌರಿಗೆ ಹೋಗುವುದು ಬಿಟ್ಟು ರಸ್ತೆಯಲ್ಲಿ ಕೂತಳಾ ಎಂದು ಕೇಳಿದಳು. ನಾವಿಬ್ಬರೂ ನಕ್ಕಿದ್ದು ಅದೇ ಕೊನೆ. ಮುಂದೆ ನಗುವುದಕ್ಕೆ ಪುರುಸೊತ್ತು ಇರಲಿಲ್ಲ.

ಸಮಿತಿ ಆಯಿತು. ಕಲ್ಲಿನ ಸುತ್ತ ಟೈಲ್ಸ್ ಬಂತು, ಸ್ಟೀಲಿನ ಕಂಬಿ ಬಂತು, ಹಿಂದೆ ಫೈಬರಿನ ಮೂರ್ತಿ ಬಂತು. ಒಂದು ದಿನ ಅಧ್ಯಕ್ಷರು ಕಾರಿನಿಂದ ಇಳಿದು, ಅಮ್ಮಾ, ಇನ್ನು ಇಲ್ಲಿ ಸ್ವಚ್ಛತೆ ಬೇಕಾಗುತ್ತದೆ, ಕಡ್ಲೆ ಸಿಪ್ಪೆ ಬೀಳುವುದು ಸರಿಯಲ್ಲ, ಸ್ವಲ್ಪ ಆಚೆ ಕೂರಿ ಎಂದರು. ಆಚೆ ಎಂದರೆ ತಿರುವಿನ ಆಚೆ, ಇಳಿಜಾರು ಶುರುವಾಗುವ ಕಡೆ. ಅಲ್ಲಿ ಲಾರಿ ನಿಲ್ಲಿಸಲು ಜಾಗವೇ ಇಲ್ಲ. ನೇರಳೆ ಮರದ ಬುಡದ ಅಗಲ ಜಾಗದಲ್ಲಿ ‘ಭಾರಿ ವಾಹನಗಳನ್ನು ನಿಲ್ಲಿಸಬಾರದು, ಭಕ್ತರ ಕಾರುಗಳಿಗೆ ಮಾತ್ರ’ ಎಂದು ಬೋರ್ಡು ಹಾಕಿದರು. ಹೀಗೆ ಕಡ್ಲಮ್ಮನ ಹೆಸರಿನಲ್ಲಿ ಹುಟ್ಟಿದ ದೇವಿ ಮೊಟ್ಟಮೊದಲು ಮಾಡಿದ ಕೆಲಸ ಕಡ್ಲಮ್ಮನನ್ನು ಎಬ್ಬಿಸಿದ್ದು. ನಾನು ಜಗಳಕ್ಕೆ ಹೊರಟೆ. ಅಮ್ಮ ಬುಟ್ಟಿ ಎತ್ತಿಕೊಂಡು ಆಚೆ ಹೋಗಿ ಕೂತಳು.

ಮೊದಲ ವರ್ಷದ ಉತ್ಸವದ ಬಗ್ಗೆ ಹೇಳಬೇಕು. ಯಾವ ತಿಥಿಯಲ್ಲಿ ಮಾಡುವುದೆಂದು ಪ್ರಶ್ನೆ ಬಂತಂತೆ. ಕರಾವಳಿಯವರು ಸಮುದ್ರಕ್ಕೆ ತೆಂಗಿನಕಾಯಿ ಬಿಡುವುದು ನೂಲ ಹುಣ್ಣಿಮೆಗೆ. ಆದರೆ ಆಗ ಮಳೆ, ಹೋಮ್‌ಸ್ಟೇ ಖಾಲಿ. ಹಾಗಾಗಿ ಶಾಸ್ತ್ರ ನೋಡಿಸಿದಾಗ ಚಳಿಗಾಲದ, ಸಾಲು ರಜೆಗಳ ಶನಿವಾರವೇ ದೇವಿಗೆ ಪ್ರಶಸ್ತ ಎಂದು ಕಂಡುಬಂತು. ದೇವಿಗೂ ಕ್ಯಾಲೆಂಡರು ನೋಡುವ ಅಭ್ಯಾಸ.

ಎಲ್ಲ ದೇವರಿಗೂ ತೇರು ಇದೆ, ನಮ್ಮ ದೇವಿಗೆ ದೋಣಿ ಇರಲಿ ಎಂದು ಅಂಕೋಲೆ ಕಡೆಯಿಂದ ಒಂದು ಹಳೆಯ ದೋಣಿ ತಂದರು. ತಂದದ್ದು ಮೀನಿನ ಲಾರಿಯಲ್ಲಿ. ಇಳಿಸಿದ ಮೇಲೆ ಅರಿಶಿನ ನೀರು ಹಾಕಿ ತೊಳೆದು, ಟ್ರ್ಯಾಕ್ಟರಿನ ಟ್ರೇಲರ್ ಮೇಲೆ ಏರಿಸಿ, ಮೂರ್ತಿ ಕೂರಿಸಿ, ಡಾಂಬರು ರಸ್ತೆಯಲ್ಲಿ ಎಳೆದರು. ಅದೇ ದಿನ ಮೀನಿನ ಲಾರಿಗಳು ಸನ್ನಿಧಿಯ ಎದುರು ನಿಲ್ಲಕೂಡದು, ವಾಸನೆ ಬರುತ್ತದೆ ಎಂದು ಠರಾವು ಮಾಡಿದರು. ಮೀನಿನ ವಾಸನೆ ತಡೆಯದ ಸಮುದ್ರದ ದೇವಿಯನ್ನು ನಾನಂತೂ ಎಲ್ಲೂ ಕೇಳಿರಲಿಲ್ಲ. ದೇವಿಯ ನೀಲಿ ಸೀರೆಗೆ ಜರಿಯ ಅಂಚು ಹೊಲಿಯಲು ನನ್ನ ಅಂಗಡಿಗೇ ಬಂದಿದ್ದರು. ಬಟ್ಟೆ ತಂದವರಿಗೆಲ್ಲ ಹೊಲಿಯುವವಳು ನಾನು, ಹೊಲಿದುಕೊಟ್ಟೆ. ಅಂಚಿಗೆ ಸಾಲಾಗಿ ಮೀನು ಹಾಕುತ್ತೇನೆ ಎಂದೆ. ಅಧ್ಯಕ್ಷರು ಬೆಚ್ಚಿಬಿದ್ದು, ಮೀನು ಬೇಡ, ಕಮಲ ಹಾಕಿ ಎಂದರು. ಸಮುದ್ರದಲ್ಲಿ ಕಮಲ ಎಲ್ಲಿ ಬೆಳೆಯುತ್ತದೆ ಎಂದು ಕೇಳಬೇಕೆಂದು ಬಾಯಿಗೆ ಬಂತು. ಸೂಜಿಗೆ ದಾರ ಪೋಣಿಸಿದೆ.

ಅಭಿಷೇಕಕ್ಕೆ ಕ್ಯಾನುಗಳಲ್ಲಿ ಸಮುದ್ರದ ನೀರು ತರಿಸಿ ಸುರಿದರು. ನೀರೆಲ್ಲ ಹರಿದು ನೇರಳೆ ಮರದ ಬುಡಕ್ಕೆ ಹೋಯಿತು. ಕೆಲವೇ ವಾರಗಳಲ್ಲಿ ಒಂದು ಕಡೆಯ ಟೊಂಗೆ ಒಣಗಿತು. ಅದನ್ನು ನೋಡಿ ಅಮ್ಮ ಒಂದು ಹೊತ್ತು ಊಟ ಮಾಡಲಿಲ್ಲ.

ಇವೆಲ್ಲ ಹಾಳಾಗಲಿ. ನನ್ನ ಮೈ ಉರಿದದ್ದು ಇನ್ನೊಂದಕ್ಕೆ. ಹಳೆಯ ಡ್ರೈವರುಗಳು ಇಲ್ಲಿ ಒಂದು ಸುತ್ತು ಹಾಕಿ ಹೋಗುತ್ತಿದ್ದರು ಎಂದು ಸಮಿತಿಯವರು ಎಲ್ಲಿಯೋ ಕೇಳಿದ್ದರು. ಯಾವುದಕ್ಕೆ ಸುತ್ತು ಎಂದು ಮಾತ್ರ ಕೇಳಿರಲಿಲ್ಲ. ‘ಕಡಲಮ್ಮನಿಗೆ ಒಂದು ಪ್ರದಕ್ಷಿಣೆ ಹಾಕಿದರೆ ಘಟ್ಟದಲ್ಲಿ ಅಪಾಯವಿಲ್ಲ’ ಎಂದು ಬರೆಸಿ ತೂಗುಹಾಕಿದರು. ಜನ ಕಾರಿನಿಂದ ಇಳಿಯುತ್ತಾರೆ, ಫೈಬರಿನ ಮೂರ್ತಿಗೆ ಒಂದು ಸುತ್ತು ಬರುತ್ತಾರೆ, ಫೋಟೋ ತೆಗೆದುಕೊಂಡು ಹೊರಡುತ್ತಾರೆ. ತಮ್ಮ ಗಾಡಿಯ ಗಾಲಿ ಕಡೆ ತಿರುಗಿಯೂ ನೋಡುವುದಿಲ್ಲ. ಲಾರಿಗಳಂತೂ ನಿಲ್ಲುವ ಹಾಗೇ ಇಲ್ಲ, ಕಿಟಕಿಯಿಂದ ಕೈ ಎತ್ತಿ ನಮಸ್ಕಾರ ಮಾಡಿ ಅದೇ ವೇಗದಲ್ಲಿ ಇಳಿಜಾರಿಗೆ ಬೀಳುತ್ತವೆ. ಅಮ್ಮ ತಿರುವಿನಲ್ಲಿ ಕೂತು ಕೈ ಅಡ್ಡ ಹಿಡಿಯುತ್ತಿದ್ದಳು. ಮುದುಕಿ ಭಿಕ್ಷೆ ಬೇಡುತ್ತಿದ್ದಾಳೆಂದು ಕೆಲವರು ಚಿಲ್ಲರೆ ಎಸೆದು ಹೋದರು.

ಎರಡನೇ ಉತ್ಸವಕ್ಕೆ ಇನ್ನೂ ಸ್ವಲ್ಪ ದಿನ ಇರುವಾಗ ಸಿಮೆಂಟು ತುಂಬಿದ ಒಂದು ಲಾರಿ ಅಮ್ಮನ ಕಣ್ಣೆದುರೇ ಬ್ರೇಕ್ ಹಿಡಿಯದೆ ಇಳಿಯಿತು. ಡ್ರೈವರು ಚಿಕ್ಕ ಪ್ರಾಯದವನು, ಬುದ್ಧಿ ಓಡಿಸಿ ಗುಡ್ಡದ ಮಣ್ಣಿನ ಗೋಡೆಗೆ ಉಜ್ಜಿ ನಿಲ್ಲಿಸಿದ. ಕಾಲು ಮುರಿಯಿತು, ಜೀವ ಉಳಿಯಿತು. ಆ ದಿನ ಅಮ್ಮ ಮನೆಗೆ ಬಂದು ಬುಟ್ಟಿ ಇಳಿಸಲೇ ಇಲ್ಲ, ತೊಡೆಯ ಮೇಲೆ ಇಟ್ಟುಕೊಂಡೇ ಕೂತಳು. ತಲೆ ಎಂದಿಗಿಂತ ಜೋರಾಗಿ ಅಲ್ಲಾಡುತ್ತಿತ್ತು. ಬೆಳಗಾದ ಮೇಲೆ ನನಗೆ ಹೇಳದೆ ಅಧ್ಯಕ್ಷರ ಹೋಮ್‌ಸ್ಟೇಗೆ ಹೋದಳು. ಲಾರಿ ನಿಲ್ಲಲು ಬಿಡಿ, ನಾನು ಎಲ್ಲಿ ಬೇಕಾದರೂ ಕೂರುತ್ತೇನೆ ಎಂದು ಬೇಡಿಕೊಂಡಳಂತೆ. ಅಧ್ಯಕ್ಷರು ಯೋಚನೆ ಮಾಡಿ, ಉತ್ಸವದ ದಿನ ವೇದಿಕೆಗೆ ಬಂದು, ಚಿಕ್ಕಂದಿನಿಂದ ಕಡಲಮ್ಮನನ್ನು ಕಂಡಿದ್ದೇನೆ ಎಂದು ಎರಡು ಮಾತು ಹೇಳಿ, ಹಳೆಯ ತಲೆ ಹೇಳಿದರೆ ತೂಕ ಇರುತ್ತದೆ, ಆಮೇಲೆ ಲಾರಿ ವಿಷಯ ನೋಡೋಣ ಎಂದರಂತೆ.

ಅಮ್ಮ ಒಪ್ಪಿಕೊಂಡು ಬಂದಳು. ನನಗೆ ಎಲ್ಲಿಲ್ಲದ ಸಿಟ್ಟು ಬಂತು. ನಿನ್ನನ್ನು ಎಬ್ಬಿಸಿದ ಸುಳ್ಳಿಗೆ ನೀನೇ ಸಾಕ್ಷಿ ಹೇಳುತ್ತೀಯಾ, ಮರ್ಯಾದೆ ಇದೆಯಾ ನಿನಗೆ ಎಂದು ಬಾಯಿಗೆ ಬಂದ ಹಾಗೆ ಬೈದೆ. ಅಮ್ಮ ಕಡ್ಲೆಯ ಕಲ್ಲು ಆರಿಸುತ್ತಾ ಕೂತಿದ್ದಳು.

“ಎಂತಾದ್ರೂ ಹೇಳ್ತೆ. ಲಾರಿ ನಿಂತ್ರೆ ಸಾಕು” ಎಂದಳು.

ಉತ್ಸವದ ದಿನ ನಾವು ಹೋದದ್ದು ಚಾಚಾನ ಲಾರಿಯಲ್ಲಿ. ಚಾಚಾ ಎಂದರೆ ಯಲ್ಲಾಪುರದ ಮುಸ್ಲಿಂ ಮನೆಯವರು, ಪ್ರಾಯದಲ್ಲಿ ಅಪ್ಪನ ಲಾರಿಗೆ ಕ್ಲೀನರ್ ಆಗಿದ್ದವರು. ಅಪ್ಪ ಹೋದ ದಿನ ಜ್ವರ ಬಂದು ಮನೆಯಲ್ಲಿ ಮಲಗಿದ್ದರಿಂದ ಉಳಿದರು. ಈಗ ಸ್ವಂತ ಲಾರಿ ಇದೆ, ಗಡ್ಡ ಬೆಳ್ಳಗಾಗಿದೆ, ಅಮ್ಮನನ್ನು ಭಾಭಿ ಎನ್ನುತ್ತಾರೆ. ಅಮ್ಮನ ಶರತ್ತಿಲ್ಲದೆಯೂ ಘಟ್ಟದ ತಲೆಯಲ್ಲಿ ಇಳಿದು ಗಾಲಿ ಮುಟ್ಟಿ ನೋಡುವವರು ನನಗೆ ಗೊತ್ತಿರುವ ಮಟ್ಟಿಗೆ ಅವರೊಬ್ಬರೇ.

ದೋಣಿಯ ಮೆರವಣಿಗೆಗಾಗಿ ರಸ್ತೆ ತಡೆದಿದ್ದರು. ಎರಡೂ ಕಡೆ ಲಾರಿಗಳ ಸಾಲು. ಡ್ರೈವರುಗಳು ಬೇರೆ ದಾರಿಯಿಲ್ಲದೆ ಇಳಿದು ಬಂದು ವೇದಿಕೆಯ ಸುತ್ತ ನಿಂತಿದ್ದರು. ಬೆಳಿಗ್ಗೆಯೇ ಬರಬೇಕೆಂದು ಅಮ್ಮನನ್ನು ಕರೆಸಿದವರು ಮಧ್ಯಾಹ್ನದವರೆಗೆ ಬಿಸಿಲಲ್ಲಿ ಕೂರಿಸಿದರು. ಗಣ್ಯರ ಭಾಷಣ ಮುಗಿಯುತ್ತಿರಲಿಲ್ಲ. ಒಬ್ಬರು ಸಮುದ್ರ ಸಂಸ್ಕೃತಿ ಎಂದರು, ಇನ್ನೊಬ್ಬರು ಪರಂಪರೆ ಎಂದರು. ಎಲ್ಲ ಮೊನ್ನೆ ಮೊನ್ನೆ ಹುಟ್ಟಿದ ಪರಂಪರೆ, ಇನ್ನೂ ಪೇಂಟಿನ ವಾಸನೆ ಹೋಗಿರಲಿಲ್ಲ. ಅಮ್ಮ ಬೆಳಗಿನಿಂದ ಒಂದು ಲೋಟ ಚಾ ಬಿಟ್ಟು ಏನೂ ತಗೊಂಡಿರಲಿಲ್ಲ. ಘಟ್ಟದ ಗಾಳಿಗೆ ಅವಳ ತುರುಬು ಬಿಚ್ಚಿಹೋಗಿತ್ತು.

ಕಡೆಗೂ ವೇದಿಕೆಗೆ ಕರೆದರು. ಅಧ್ಯಕ್ಷರು ತಮ್ಮ ಶುದ್ಧ ಕನ್ನಡದಲ್ಲಿ, ಈ ಭಾಗದ ಹಿರಿಯ ತಾಯಿ, ದೇವಿಯ ಮಹಿಮೆಯನ್ನು ಬಾಲ್ಯದಿಂದಲೂ ಕಂಡವರು ಎಂದು ಪರಿಚಯ ಮಾಡಿ ಮೈಕು ಅವಳ ಬಾಯಿಗೆ ಹಿಡಿದರು. ಕಡಲಮ್ಮನನ್ನು ಮೊದಲು ಯಾವಾಗ ಕಂಡಿರಿ ಎಂದು ಕೇಳಿದರು. ಅಮ್ಮನಿಗೆ ಕಿವಿ ಮಂದ. ಯಾರನ್ನು ಎಂದು ಕೇಳಿದಳು. ಕಡಲಮ್ಮನನ್ನು ಎಂದು ಅವರು ಇನ್ನೊಮ್ಮೆ ಹೇಳಿದರು. ಅಮ್ಮ ಅವರನ್ನು ನೋಡಿದಳು, ಜನರನ್ನು ನೋಡಿದಳು. ಹೇಳಿಕೊಟ್ಟದ್ದು ಮರೆತೇ ಹೋಗಿತ್ತೋ, ಹಸಿವಿಗೆ ತಲೆ ಸುತ್ತಿತ್ತೋ, ನಾನು ಆಮೇಲೆ ಎಷ್ಟು ಕೇಳಿದರೂ ಅವಳು ಹೇಳಿಲ್ಲ.

“ಕಡ್ಲಮ್ಮ ಅಂದ್ರೆ ನಾನೇ ಅಲ್ದಾ” ಎಂದಳು.

ಮೈಕಿನಲ್ಲಿ ಆ ಮಾತು ನಡುಗುತ್ತಾ ಕಾಡಿಗೆಲ್ಲ ಕೇಳಿತು. ಬಿಚ್ಚಿದ ಕೂದಲು, ಅಡ್ಡಡ್ಡ ಅಲ್ಲಾಡುವ ತಲೆ, ನಡುಗುವ ದನಿ. ಮುಂದಿನ ಸಾಲಿನಲ್ಲಿದ್ದ ಒಬ್ಬ ಹೆಂಗಸು, ತಾಯಿ ಮೈಮೇಲೆ ಬಂದಿದ್ದಾಳೆ ಎಂದು ಅಡ್ಡಬಿದ್ದಳು. ಅಷ್ಟೇ. ಡೋಲಿನವರು ಬಾರಿಸಲು ಶುರು ಮಾಡಿದರು. ಜನ ಒಬ್ಬರ ಮೇಲೊಬ್ಬರು ಬಿದ್ದು ಕೈಮುಗಿದರು. ಮೂರ್ತಿಗೆ ಎತ್ತಬೇಕಾಗಿದ್ದ ಆರತಿ ಅಮ್ಮನ ಮುಖಕ್ಕೆ ಬಂತು. ನಾನು ಕಮಲದ ಅಂಚು ಹೊಲಿದಿದ್ದ ಆ ನೀಲಿ ಸೀರೆಯನ್ನು ಯಾರೋ ತಂದು ಅವಳ ಹೆಗಲಿಗೆ ಹೊದೆಸಿದರು.

ಇದಕ್ಕೆ ಏನು ಹೇಳುತ್ತೀರಿ? ಒಬ್ಬ ಮುದುಕಿ ತನ್ನ ಹೆಸರು ತಾನು ಹೇಳಿದಳು, ಊರಿಗೆ ಊರೇ ಅಡ್ಡಬಿತ್ತು. ಆ ವೇದಿಕೆಯ ಮೇಲೆ ಯಾರಾದರೂ ಹೇಳಿದ ಒಂದೇ ಒಂದು ನಿಜವನ್ನು ಪವಾಡ ಎಂದು ತಿಳಿದವರು ನಮ್ಮ ಜನ. ಅಧ್ಯಕ್ಷರ ಮುಖ ನೋಡಬೇಕಿತ್ತು. ಮೈಕು ಕಿತ್ತುಕೊಳ್ಳಲು ಹೋದರು, ಎಲ್ಲ ಕಡೆಯಿಂದ ಮೊಬೈಲು ಎತ್ತಿ ಹಿಡಿದಿದ್ದರು. ತಮ್ಮ ದೇವಿ ಬಂದಿದ್ದಾಳೆಂದು ತಾವೇ ನಂಬದಿದ್ದರೆ ಹೇಗೆ? ಶಾಲು ಸೊಂಟಕ್ಕೆ ಕಟ್ಟಿಕೊಂಡು ಅವರೂ ಅಡ್ಡಬಿದ್ದರು.

ನಾನು ಕೂಗಲು ಹೊರಟೆ. ಅದು ದೇವಿಯಲ್ಲ, ನನ್ನ ಅಮ್ಮ, ಹೊಟ್ಟೆ ಹಸಿದಿದೆ ಅವಳಿಗೆ ಎಂದು ಎಲ್ಲರ ಮುಖಕ್ಕೆ ಹೊಡೆದ ಹಾಗೆ ಹೇಳಬೇಕೆಂದಿದ್ದೆ. ಚಾಚಾ ನನ್ನ ಮಣಿಕಟ್ಟು ಹಿಡಿದರು.

“ಸುಮ್ನಿರು ಬೇಟಿ. ಲಾರಿ ನಿಂತಿದೆ ನೋಡು.”

ಅಷ್ಟರಲ್ಲಿ ಪೂಜೆಯವರು ಕೈಮುಗಿದು, ತಾಯೀ, ನಮ್ಮಿಂದ ಏನು ತಪ್ಪಾಗಿದೆ, ಅಪ್ಪಣೆಯಾಗಲಿ ಎಂದು ಕೇಳುತ್ತಿದ್ದರು. ಅಮ್ಮ ಕಕ್ಕಾಬಿಕ್ಕಿಯಾಗಿ ನನ್ನನ್ನು ಹುಡುಕಿದಳು. ನನ್ನ ಹಿಂದೆ ರಸ್ತೆಯುದ್ದಕ್ಕೂ ನಿಂತ ಲಾರಿಗಳು ಅವಳ ಕಣ್ಣಿಗೆ ಬಿದ್ದವು. ಆಗ ನೋಡಿ, ಅವಳ ಮುಖ ಬದಲಾಯಿತು. ಬುಟ್ಟಿ ಮುಚ್ಚುವಾಗಿನ ಮುಖ.

“ಗಾಡಿ ಒಂದ್ ಸುತ್ತು ಹಾಕಿ ಬಾ” ಎಂದಳು.

ಯಾವ ಗಾಡಿ ಎಂದು ಪೂಜೆಯವರು ಕೇಳಿದರು. ಎಲ್ಲ ಗಾಡಿ, ಎಂದಳು ಅಮ್ಮ. ಇಲ್ಲಿ ನಿಲ್ಲಬೇಕು, ಇಳಿಯಬೇಕು, ಅವರವರ ಗಾಡಿಗೆ ಅವರವರು ಸುತ್ತು ಬಂದು, ಗಾಲಿ ಮುಟ್ಟಿ ನೋಡಿ ಆಮೇಲೆ ಘಟ್ಟ ಇಳಿಯಬೇಕು ಎಂದಳು. ಅಧ್ಯಕ್ಷರು ಆ ಗದ್ದಲದಲ್ಲೂ ತಡೆಯಲಾರದೆ, ಮೀನಿನ ಲಾರಿಯೂ ನಿಲ್ಲಬೇಕೇ ತಾಯೀ ಎಂದು ಕೇಳಿದರು. ಮೀನಿನದೂ, ಎಂದಳು ಅಮ್ಮ.

ಮೊದಲು ಚಾಚಾ ಹೊರಟರು. ಎಲ್ಲರೂ ನೋಡುವ ಹಾಗೆ ನಿಧಾನವಾಗಿ ತಮ್ಮ ಲಾರಿಗೆ ಒಂದು ಸುತ್ತು ಬಂದರು, ಒಂದೊಂದೇ ಗಾಲಿ ಮುಟ್ಟಿದರು. ಅವರ ಹಿಂದಿನ ಲಾರಿಯವನು ಹೊರಟ, ಅವನ ಹಿಂದಿನವನು ಹೊರಟ. ಕಾರಿನವರು ಚಪ್ಪಲಿ ಬಿಟ್ಟು ತಮ್ಮ ಕಾರಿಗೆ ಸುತ್ತು ಬಂದರು. ಕೆಲವರು ಬಾನೆಟ್ಟಿಗೆ ಕುಂಕುಮವನ್ನೂ ಇಟ್ಟರು. ನನಗೆ ಅಳು ಬರುತ್ತಿತ್ತೋ ನಗು ಬರುತ್ತಿತ್ತೋ, ಎರಡನ್ನೂ ನುಂಗಿಕೊಂಡೆ.

‘ಭಾರಿ ವಾಹನ’ದ ಬೋರ್ಡನ್ನು ಆ ವಾರವೇ ಕಿತ್ತರು. ಅದರ ಜಾಗದಲ್ಲಿ ‘ದೇವಿಯ ಅಪ್ಪಣೆ’ ಎಂಬ ಇನ್ನೂ ದೊಡ್ಡ ಬೋರ್ಡು ಬಂತು. ಅಧ್ಯಕ್ಷರು ಈಗ ಅತಿಥಿಗಳಿಗೆ, ದೇವಿ ಪ್ರತ್ಯಕ್ಷವಾಗಿ ತಮ್ಮ ಹತ್ತಿರವೇ ಮಾತಾಡಿದಳು ಎಂದು ಹೇಳುತ್ತಾರಂತೆ, ಮೀನಿನ ಪ್ರಶ್ನೆಯನ್ನು ಮಾತ್ರ ಬಿಟ್ಟುಬಿಡುತ್ತಾರಂತೆ. ಅಮ್ಮನಿಗೆ ನೇರಳೆ ಮರದ ಬುಡ ವಾಪಸ್ಸು ಸಿಕ್ಕಿತು. ಆದರೆ ಅವಳ ಕಡ್ಲೆಯನ್ನು ಈಗ ಯಾರೂ ತಿನ್ನುವುದಿಲ್ಲ. ಪ್ರಸಾದ ಎಂದು ಕಣ್ಣಿಗೊತ್ತಿಕೊಂಡು ಡ್ಯಾಶ್‌ಬೋರ್ಡಿನಲ್ಲಿ ಇಡುತ್ತಾರೆ. ಬಿಸಿ ಇರುವಾಗ ತಿನ್ನದಿದ್ದರೆ ಹುರಿದು ಏನು ಪ್ರಯೋಜನ ಎಂದು ಅವಳಿಗೆ ಬೇಜಾರು.

ಮೊನ್ನೆ ಭಾನುವಾರ ನಾನು ಊಟದ ಡಬ್ಬಿ ತೆಗೆದುಕೊಂಡು ಅಲ್ಲಿಗೆ ಹೋಗಿದ್ದೆ. ಮಂಗಗಳು ಕಂಬಿಯ ಮೇಲೆ ಕೂತಿದ್ದವು. ಹುಬ್ಬಳ್ಳಿ ಕಡೆಯ ಒಬ್ಬ ಡ್ರೈವರು ಬಂದು ಅಮ್ಮನ ಕಾಲು ಮುಟ್ಟಿ, “ಸುತ್ತ ಹಾಕಿ ಬರ್ತೇನ್ರಿ ಯವ್ವಾ” ಎಂದು ತಾನಾಗಿಯೇ ಹೇಳಿ ಹೋದ. ಒಂದೊಂದು ಗಾಲಿ ಮುಟ್ಟಿದಾಗಲೂ ಕೈಯನ್ನು ಕಣ್ಣಿಗೆ ಒತ್ತಿಕೊಳ್ಳುತ್ತಿದ್ದ. ಹಿಂದಿನ ಗಾಲಿಯ ಹತ್ತಿರ ಬಗ್ಗಿದವನು ಅಲ್ಲೇ ನಿಂತ, ಕ್ಲೀನರನ್ನು ಕೂಗಿದ, ಇಬ್ಬರೂ ಜಾಕ್ ತೆಗೆದರು. ನನಗೆ ಹೇಳದೆ ಇರಲು ಆಗಲಿಲ್ಲ. ನೀನು ಇಷ್ಟು ವರ್ಷ ಬಾಯಿ ಬಡಿದುಕೊಂಡೆ, ಕಡ್ಲೆ ಮುಚ್ಚಿಟ್ಟು ಗೋಗರೆದೆ, ಬೈದುಕೊಂಡೇ ಕೇಳಿದರು. ಈಗ ದೇವಿ ಅಂದ ಕೂಡಲೇ ಹೇಗೆ ಕುಣಿಯುತ್ತಾರೆ ನೋಡು, ಹುಚ್ಚು ಮುಂಡೇವು, ಎಂದು ನಕ್ಕೆ.

ಅಮ್ಮ ನಗಲಿಲ್ಲ. ಡಬ್ಬಿಯ ಮುಚ್ಚಳ ತೆಗೆದು ಹಾಗೇ ಹಿಡಿದುಕೊಂಡು ಜಾಕ್ ಹಾಕುತ್ತಿದ್ದವರನ್ನು ನೋಡುತ್ತಿದ್ದಳು.

“ಆ ದಿನ ನಿನ್ ಅಪ್ಪಂಗೂ ಹೇಳಿದ್ದೆ, ಗಾಡಿ ಒಂದ್ ಸುತ್ತು ನೋಡ್ಕಂಡು ಹೋಗಿ ಅಂತ” ಎಂದಳು. “ಹೆಂಡ್ತಿ ಮಾತು ಕೇಳ್ಕಂಡು ಲಾರಿ ಹೊಡೀಬೇಕಾ ಅಂತ ನಕ್ಕೊಂಡು ಹೋದ್ರು. ನಾನ್ ಆಗ್ಲೇ ದೇವ್ರಾಗಿದ್ರೆ ಕೇಳ್ತಿದ್ರು.”

ಈ ಮಾತನ್ನು ಅವಳು ಅದುವರೆಗೆ ನನಗೆ ಹೇಳಿರಲಿಲ್ಲ. ಅಷ್ಟರಲ್ಲಿ ಘಟ್ಟ ಇಳಿಯುವ ಇನ್ನೊಂದು ಲಾರಿ ಬಂದು ಬದಿಗೆ ನಿಂತಿತು. ಅಮ್ಮ ಊಟದ ಡಬ್ಬಿಯನ್ನು ಬೆನ್ನ ಹಿಂದೆ ಸರಿಸಿದಳು, ತುರುಬು ಬಿಚ್ಚಿ ಕೂದಲನ್ನು ಹೆಗಲ ಮೇಲೆ ಹರಡಿಕೊಂಡಳು, ಬೆನ್ನು ನೆಟ್ಟಗೆ ಮಾಡಿ ಕೂತು ಡ್ರೈವರು ಇಳಿಯುವುದನ್ನು ಕಾದಳು.